ಬೆಳಕಿನ ಒಡೆತನ: ವಿ. ಕೆ. ಮೂರ್ತಿ ಅವರ ಛಾಯಾಗ್ರಹಣದ ಮರುಓದು

ಗುರುದತ್ ಚಿತ್ರಗಳ ಕಪ್ಪು-ಬಿಳುಪಿನ ಬಗ್ಗೆ ಬರೆಯುವವರು ಅಲ್ಲಿನ ವಿಷಾದವನ್ನು ನಿರ್ದೇಶಕರ ಬದುಕಿಗೆ ಗಂಟುಹಾಕಿ ಸುಮ್ಮನಾಗುವುದೇ ಹೆಚ್ಚು. ಆ ಬೆಳಕನ್ನು ಕಟ್ಟಿದ ವಿ. ಕೆ. ಮೂರ್ತಿ (1923–2014) ಅವರ ಪಾಲು ‘ಕೈಚಳಕ’ ಎಂಬ ಹೊಗಳಿಕೆಯಲ್ಲಿ ಮುಗಿದುಹೋಗುತ್ತದೆ. ಅವರ ವೃತ್ತಿಯನ್ನು ಇಡಿಯಾಗಿ ನೋಡಿದರೆ ಈ ಹಂಚಿಕೆ ನಿಲ್ಲುವುದಿಲ್ಲ.

ಮೈಸೂರಿನಲ್ಲಿ ಹುಟ್ಟಿದ ಮೂರ್ತಿ ಪಿಟೀಲು ನುಡಿಸಬಲ್ಲವರು, ಸ್ವಾತಂತ್ರ್ಯ ಚಳವಳಿಯಲ್ಲಿ ಜೈಲು ಕಂಡವರು. 1946ರಲ್ಲಿ ಬೆಂಗಳೂರಿನ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್‌ನಲ್ಲಿ ಛಾಯಾಗ್ರಹಣದ ಡಿಪ್ಲೊಮಾ ಪಡೆದರು. ಪುಣೆಯ ಫಿಲಂ ಇನ್‌ಸ್ಟಿಟ್ಯೂಟ್ ಶುರುವಾದದ್ದು 1960ರಲ್ಲಿ. ಅದಕ್ಕೂ ಮುಂಚೆಯೇ ಮೈಸೂರು ಸಂಸ್ಥಾನ ಕ್ಯಾಮೆರಾ ವಿದ್ಯೆಯನ್ನು ತರಗತಿಯಲ್ಲಿ ಕಲಿಸುತ್ತಿತ್ತೆಂಬುದನ್ನು ನಮ್ಮ ಸಿನಿಮಾ ಚರಿತ್ರೆಕಾರರು ಇನ್ನಷ್ಟು ಗಂಭೀರವಾಗಿ ಪರಿಗಣಿಸಬೇಕು.

‘ಬಾಜಿ’ಯಲ್ಲಿ (1951) ಮೂರ್ತಿ ಇನ್ನೂ ವಿ. ರಾತ್ರಾ ಅವರ ಸಹಾಯಕರು. ಅಲ್ಲಿ ಅವರು ಸೂಚಿಸಿ ತಾವೇ ತೆಗೆದ ಒಂದು ಕಷ್ಟದ ಶಾಟ್ ಗುರುದತ್ ಅವರಿಗೆ ಹಿಡಿಸಿತು. ಮುಂದಿನ ‘ಜಾಲ್’ನಿಂದ (1952) ಕ್ಯಾಮೆರಾ ಮೂರ್ತಿಯವರ ಕೈಗೆ ಬಂತು. ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ ‘ಕಾಗಜ್ ಕೆ ಫೂಲ್’ (1959) ಪ್ರಸಿದ್ಧವಾದದ್ದು ಒಂದು ಹಾಡಿನ ಬೆಳಕಿನ ಕೋಲಿನಿಂದ. ಸ್ಟುಡಿಯೋ ದೀಪಗಳಿಂದ ಅಂಥ ಸಮಾನಾಂತರ ಕಿರಣ ಬರುವುದಿಲ್ಲ, ಅವು ಹರಡಿಕೊಳ್ಳುತ್ತವೆ. ಮೂರ್ತಿ ಹೊರಗೊಂದು ಕನ್ನಡಿಯಿಟ್ಟು ಬಿಸಿಲನ್ನು ಒಳಗೆ ಕಳಿಸಿ, ಅಲ್ಲಿ ಇನ್ನೊಂದು ಕನ್ನಡಿಯಿಂದ ಅದನ್ನು ತಿರುಗಿಸಿದರು. ಇದನ್ನು ಚಮತ್ಕಾರವೆಂದು ಬಣ್ಣಿಸುವುದು ವಾಡಿಕೆ. ನನಗೆ ಮುಖ್ಯವೆನಿಸುವುದು ಅದರ ಫಲ: ಅಗಲವಾದ ಚೌಕಟ್ಟಿನಲ್ಲಿ ಇಬ್ಬರು ದೂರ ನಿಂತಾಗ ನಡುವಿನ ಖಾಲಿ ಜಾಗಕ್ಕೂ ಒಂದು ಮೈ ಬರುತ್ತದೆ.

‘ಸಾಹಿಬ್ ಬೀಬಿ ಔರ್ ಗುಲಾಮ್’ (1962) ಹೆಚ್ಚು ನಿಖರವಾದ ಸಾಕ್ಷ್ಯ. ನಿರ್ದೇಶಕರೆಂದು ಅದರಲ್ಲಿರುವುದು ಗುರುದತ್ ಅವರ ಹೆಸರಲ್ಲ, ಅಬ್ರಾರ್ ಅಲ್ವಿ ಅವರ ಹೆಸರು. ಅಲ್ಲಿನ ಮುಜ್ರಾದಲ್ಲಿ ಮೀನೂ ಮುಮ್ತಾಜ್ ಮೇಲೆ ಬೆಳಕು ಬೀಳುತ್ತದೆ. ಸಹನರ್ತಕಿಯರ ಮುಖಗಳು ಕೊನೆಯವರೆಗೂ ನೆರಳಲ್ಲೇ ಉಳಿಯುತ್ತವೆ. ಯಾರನ್ನು ತೋರಿಸಬೇಕೆಂಬುದಕ್ಕಿಂತ ಯಾರನ್ನು ಮರೆಯಲ್ಲಿಡಬೇಕೆಂಬುದು ಇಲ್ಲಿ ಬೆಳಕಿನ ತೀರ್ಮಾನ. ಎರಡೂ ಚಿತ್ರಗಳು ಮೂರ್ತಿಯವರಿಗೆ ಫಿಲಂಫೇರ್ ಪ್ರಶಸ್ತಿ ತಂದವು.

1964ರಲ್ಲಿ ಗುರುದತ್ ತೀರಿಕೊಂಡರು. ಆಮೇಲೆ ‘ಲವ್ ಇನ್ ಟೋಕಿಯೊ’, ‘ಜುಗ್ನು’ವಿನಂಥ ಬಣ್ಣದ ರಂಜನೆಯ ಚಿತ್ರಗಳು ಬಂದವು, ವಿಮರ್ಶಕರು ಅತ್ತ ತಿರುಗಿ ನೋಡಿದ್ದು ಕಡಿಮೆ, ಅಲ್ಲಿ ಮೂರ್ತಿಯವರ ಛಾಪು ತೆಳುವಾಗಿದೆ ಎಂಬುದೂ ನಿಜ. ಆದರೆ ಅವರ ಕೈಕೆಳಗೆ ಪಳಗಿದ, ಅದೇ ಪಾಲಿಟೆಕ್ನಿಕ್‌ನಲ್ಲಿ ಓದಿದ ಗೋವಿಂದ ನಿಹಲಾನಿ ಮುಂದೆ ಹೊಸ ಅಲೆಯ ಮುಖ್ಯ ಛಾಯಾಗ್ರಾಹಕರಾದರು. ಶ್ಯಾಮ್ ಬೆನೆಗಲ್ ಅವರ ದೂರದರ್ಶನ ಧಾರಾವಾಹಿ ‘ಭಾರತ್ ಏಕ್ ಖೋಜ್’ಗೆ (1988) ಕ್ಯಾಮೆರಾ ಹಿಡಿದವರು ಮೂರ್ತಿಯವರೇ. ಒಬ್ಬ ನಿರ್ದೇಶಕನ ನೆರಳಾಗಿದ್ದವರಿಗೆ ಇಂಥ ಶಿಷ್ಯಪರಂಪರೆ, ಇಂಥ ಎರಡನೆಯ ಇನಿಂಗ್ಸ್ ಸಿಗುವುದಿಲ್ಲ.

2008ನೇ ಸಾಲಿನ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿ ಅವರಿಗೆ ಸಂದಾಗ, ಅದು ಛಾಯಾಗ್ರಾಹಕರೊಬ್ಬರಿಗೆ ದೊರೆತ ಮೊದಲ ಫಾಲ್ಕೆ. ಅದಕ್ಕೂ ಮೊದಲೇ, 1993ರಲ್ಲಿ, ಅವರು ಕನ್ನಡಕ್ಕೆ ಬಂದಿದ್ದರು: ಎಸ್. ವಿ. ರಾಜೇಂದ್ರಸಿಂಗ್ ಬಾಬು ನಿರ್ದೇಶನದ ‘ಹೂವು ಹಣ್ಣು’, ತ್ರಿವೇಣಿ ಅವರ ಕಾದಂಬರಿ ಆಧರಿಸಿದ್ದು. ಲೇಖಕಿ, ನಿರ್ದೇಶಕ, ಛಾಯಾಗ್ರಾಹಕ ಮೂವರೂ ಮೈಸೂರಿನವರು. ಮೂರ್ತಿಯವರ ಬಣ್ಣದ ಕೆಲಸವನ್ನು ಅಳೆಯಬೇಕಾದವರು ಟೋಕಿಯೊ ಚಿತ್ರಕ್ಕಿಂತ ಇದರಿಂದಲೇ ಶುರುಮಾಡುವುದು ಮೇಲು.