ಬೆಲೆಪಟ್ಟಿಯಲ್ಲಿ ಉಳಿದ ಹೆಸರುಗಳು

‘ತೋಟ’ ಎಂಬುದು ನಮ್ಮ ಕಿವಿಗೆ ಹಿತವಾದ ಮಾತು. ಅಡಕೆ ತೋಟ, ತೆಂಗಿನ ತೋಟ, ಹೂದೋಟ ಎಂದೊಡನೆ ನೆರಳು, ತಂಪು, ಕಾಲುವೆಯ ನೀರಿನ ಸದ್ದು ಮನಸ್ಸಿಗೆ ಬರುತ್ತವೆ. ಇಂಗ್ಲಿಷಿನ ‘ಪ್ಲಾಂಟೇಷನ್’ ಎಂಬ ಮಾತನ್ನೂ ನಾವು ತೋಟವೆಂದೇ ಕನ್ನಡಿಸುತ್ತೇವೆ. ಆದರೆ ಅಮೆರಿಕ ಸಂಯುಕ್ತ ಸಂಸ್ಥಾನದ ದಕ್ಷಿಣ ಭಾಗದಲ್ಲಿ 1865ರವರೆಗೆ ಆ ಹೆಸರಿನಿಂದ ನಡೆದದ್ದನ್ನು ತೋಟವೆಂದು ಕರೆಯಲು ನಾಲಗೆ ಹಿಂಜರಿಯುತ್ತದೆ. ಅಲ್ಲಿ ನೆಟ್ಟದ್ದು ಕಬ್ಬು, ಹತ್ತಿ, ಬತ್ತ, ಹೊಗೆಸೊಪ್ಪು. ಕೊಂಡು ತಂದದ್ದು ಮನುಷ್ಯರನ್ನು. ‘ಜೀತ’ ಎಂಬ ಮಾತೂ ಇಲ್ಲಿ ಸಾಲದು. ನಮ್ಮಲ್ಲಿ 1976ರ ಕಾಯಿದೆಯಿಂದ ನಿಷಿದ್ಧವಾದ ಜೀತವೂ ಕ್ರೂರವಾದದ್ದೇ. ತಂದೆಯ ಸಾಲಕ್ಕೆ ಮಗ ದುಡಿದು ಸವೆದದ್ದುಂಟು. ಅಲ್ಲಿಯಾದರೋ ಸಾಲವೆಂಬ ನೆಪವೂ ಬೇಕಿರಲಿಲ್ಲ. ಕಾನೂನಿನ ಕಣ್ಣಿನಲ್ಲಿ ಮನುಷ್ಯನೇ ಸೊತ್ತು. ತಾಯಿ ಸೊತ್ತಾದರೆ ಅವಳ ಹೊಟ್ಟೆಯಲ್ಲಿ ಹುಟ್ಟುವ ಕೂಸೂ ಸೊತ್ತು.

ಅಂಥದೊಂದು ಸ್ಥಳವನ್ನು ಈಚೆಗೆ ನಾನು ನೋಡಿಬಂದೆ. ಲೂಸಿಯಾನ ರಾಜ್ಯದ ನ್ಯೂ ಆರ್ಲಿಯನ್ಸ್ ನಗರದಿಂದ ಮಿಸಿಸಿಪ್ಪಿ ನದಿಯ ಗುಂಟ ಮೇಲಕ್ಕೆ ಒಂದು ಗಂಟೆಯ ಹಾದಿ. ನದಿ ಮಾತ್ರ ಕಣ್ಣಿಗೆ ಬೀಳುವುದಿಲ್ಲ. ಪ್ರವಾಹವನ್ನು ತಡೆಯಲು ಕಟ್ಟಿದ ಎತ್ತರದ ಮಣ್ಣಿನ ಏರಿ ಅದನ್ನು ಮರೆಮಾಡಿದೆ. ಏರಿಯ ಈಚೆಗೆ ರಸ್ತೆ, ರಸ್ತೆಯ ಪಕ್ಕದಲ್ಲಿ ಕಬ್ಬಿನ ಗದ್ದೆ, ನಡುನಡುವೆ ರಾಸಾಯನಿಕ ಕಾರ್ಖಾನೆಗಳ ಕೊಳವೆಗಳು. ಹಿಂದೆ ನದಿಯೇ ಹೆದ್ದಾರಿಯಾಗಿತ್ತು. ಆದ್ದರಿಂದ ಜಮೀನುಗಳನ್ನು ನದಿಯ ಅಂಚಿನಿಂದ ಒಳಕ್ಕೆ ಉದ್ದನೆಯ ಪಟ್ಟಿಗಳಾಗಿ ಸೀಳಿ, ಪ್ರತಿಯೊಂದು ಪಟ್ಟಿಯ ಮುಂಭಾಗದಲ್ಲಿ ನದಿಗೆ ಮುಖಮಾಡಿ ಧಣಿಯ ಮನೆಯನ್ನು ಕಟ್ಟುತ್ತಿದ್ದರು. ದುಡಿಯುವವರ ಗುಡಿಸಲುಗಳು, ಕಬ್ಬಿನ ಗಾಣ, ಕುಲುಮೆ ಎಲ್ಲವೂ ಹಿಂದೆ. ಹಡಗಿನಲ್ಲಿ ಹೋಗುವವರಿಗೆ ಕಾಣುತ್ತಿದ್ದದ್ದು ಕಂಬಗಳ ಸಾಲು ಮಾತ್ರ.

ಬಹುಕಾಲ ಪ್ರವಾಸಿಗಳಿಗೂ ಕಾಣುತ್ತಿದ್ದದ್ದು ಅದೇ. ‘ಗಾನ್ ವಿತ್ ದ ವಿಂಡ್’ ಚಲನಚಿತ್ರ 1939ರಲ್ಲಿ ಬಂದಮೇಲಂತೂ ಈ ಮನೆಗಳ ಸುತ್ತ ಒಂದು ಬಗೆಯ ಹೊಂಬಣ್ಣದ ಮಂಜು ಕವಿಯಿತು. ಮುಂಬಾಗಿಲಿನಿಂದ ಒಳಹೊಕ್ಕು ದೀಪದ ಗೊಂಚಲು, ಪಿಯಾನೊ, ಬೆಳ್ಳಿಯ ತಟ್ಟೆಗಳನ್ನು ನೋಡಿ, ಮಾಲೀಕರ ಮದುವೆ ಮುಂಜಿಗಳ ಕಥೆ ಕೇಳಿ ಹಿಂತಿರುಗುವುದು ವಾಡಿಕೆ. ಅಂಥ ಮನೆಗಳಲ್ಲಿ ಅತ್ಯಂತ ದೊಡ್ಡದಾಗಿದ್ದದ್ದು ಇದೇ ನದಿಯ ದಂಡೆಯ ನಾಟೊವೇ ಮಹಲು. ಸಕ್ಕರೆಯ ಧಣಿಯೊಬ್ಬ 1859ರಲ್ಲಿ ಕಟ್ಟಿಸಿದ್ದು, 64 ಕೋಣೆಗಳು. ಮುಂದೆ ಅದು ಮದುವೆಗಳು ನಡೆಯುವ ವಿಹಾರಧಾಮವಾಯಿತು. ಅದು 2025ರ ಮೇ 15ರಂದು ಬೆಂಕಿಗೆ ಆಹುತಿಯಾದಾಗ ಒಂದೇ ದೇಶದ ಜನ ಎರಡು ಬಗೆಯಾಗಿ ಮಾತನಾಡಿದರು. ಅಪೂರ್ವವಾದ ವಾಸ್ತುಶಿಲ್ಪ ಹಾಳಾಯಿತೆಂದು ಕೆಲವರು ಕಣ್ಣೀರಿಟ್ಟರು. ತಮ್ಮ ಹಿರಿಯರ ಬೆವರು ರಕ್ತಗಳ ಮೇಲೆ ನಿಂತ ಮನೆ ಉರಿದುಹೋಯಿತೆಂದು ಕೆಲವರು ಸಂತೋಷಪಟ್ಟರು. ಒಂದು ಮನೆಯ ಚರಿತ್ರೆಯನ್ನು ಯಾವ ಬಾಗಿಲಿನಿಂದ ಹೊಕ್ಕು ನೋಡುತ್ತೇವೆ ಎಂಬುದು ಇನ್ನೂ ತೀರ್ಮಾನವಾಗದ ವ್ಯಾಜ್ಯವೆಂಬುದಕ್ಕೆ ಇದಕ್ಕಿಂತ ಬೇರೆ ಸಾಕ್ಷಿ ಬೇಕೆ?

ನಾನು ನೋಡಿದ್ದು ಆ ವ್ಯಾಜ್ಯದಲ್ಲಿ ಸ್ಪಷ್ಟವಾಗಿ ಒಂದು ಕಡೆ ನಿಂತಿರುವ ಸ್ಥಳ: ವಿಟ್ನಿ ಪ್ಲಾಂಟೇಷನ್. ನ್ಯೂ ಆರ್ಲಿಯನ್ಸಿನ ವಕೀಲ ಜಾನ್ ಕಮಿಂಗ್ಸ್ ಇದನ್ನು ಕೊಂಡು, ತಮ್ಮ ಹಣದಿಂದ ಜೀರ್ಣೋದ್ಧಾರ ಮಾಡಿಸಿ, 2014ರ ಡಿಸೆಂಬರಿನಲ್ಲಿ ಜನರಿಗೆ ತೆರೆದರು. ಮುಂದೆ 2019ರಲ್ಲಿ ಲಾಭದ ಉದ್ದೇಶವಿಲ್ಲದ ಸಂಸ್ಥೆಯೊಂದಕ್ಕೆ ಒಪ್ಪಿಸಿದರು. ಇಲ್ಲಿ ಧಣಿಯ ಮನೆ ಕೊನೆಗೆ ಬರುತ್ತದೆ. ದುಡಿದವರು ಮೊದಲು ಬರುತ್ತಾರೆ. ನಾವು ನಾಲ್ವರಿಗೆಂದೇ ಒಬ್ಬ ಮಾರ್ಗದರ್ಶಕಿಯನ್ನು ಗೊತ್ತುಮಾಡಿಕೊಂಡಿದ್ದೆವು. ಗುಂಪಿನ ಅವಸರವಿರಲಿಲ್ಲ. ನಿಂತಲ್ಲಿ ನಿಲ್ಲಬಹುದಾಗಿತ್ತು, ಕೇಳಿದ್ದನ್ನು ಮತ್ತೆ ಕೇಳಬಹುದಾಗಿತ್ತು. ಆಕೆಯ ಮಾತಿನಲ್ಲಿ ಆವೇಶವಿರಲಿಲ್ಲ. ಕಾಗದ ಪತ್ರಗಳಲ್ಲಿ ಇದ್ದದ್ದನ್ನು ಇದ್ದಷ್ಟೇ ಹೇಳಿದರು.

ಈ ಜಮೀನನ್ನು 1752ರಲ್ಲಿ ಕೊಂಡವನು ಆಂಬ್ರೋಸ್ ಹೈಡೆಲ್. 1721ರಲ್ಲಿ ಜರ್ಮನಿಯಿಂದ ತಾಯಿಯೊಡನೆ ವಲಸೆ ಬಂದವನು. ಅಂಥ ವಲಸಿಗರು ನೆಲಸಿದ್ದರಿಂದಲೇ ನದಿಯ ಈ ಭಾಗಕ್ಕೆ ‘ಜರ್ಮನ್ ತೀರ’ ಎಂದು ಹೆಸರಾಯಿತು. ಮೊದಲು ಇಲ್ಲಿ ಬೆಳೆದದ್ದು ನೀಲಿ. ಹತ್ತೊಂಬತ್ತನೆಯ ಶತಮಾನದ ಆರಂಭದಿಂದ ಕಬ್ಬು. ಅಂತರ್ಯುದ್ಧ ಮುಗಿದಮೇಲೆ 1867ರಲ್ಲಿ ಬ್ರಾಡಿಷ್ ಜಾನ್ಸನ್ ಎಂಬವನು ಇದನ್ನು ಕೊಂಡು ತನ್ನ ಮೊಮ್ಮಗನ ಹೆಸರಿಟ್ಟ. ಒಂದು ಶತಮಾನಕ್ಕೂ ಹೆಚ್ಚು ಕಾಲ ದುಡಿದವರ ಹೆಸರು ಈ ನೆಲಕ್ಕೆ ಬರಲಿಲ್ಲ. ಒಬ್ಬ ಮಗುವಿನ ಹೆಸರು ಬಂದು ನಿಂತುಬಿಟ್ಟಿತು. ಹೆಸರಿನ ಈ ಪ್ರಶ್ನೆ ಆ ದಿನವೆಲ್ಲ ನನ್ನನ್ನು ಬಿಡಲಿಲ್ಲ.

ಮೊದಲು ಹೊಕ್ಕದ್ದು ಮರದ ಒಂದು ಚಿಕ್ಕ ಇಗರ್ಜಿ. ಬಿಡುಗಡೆ ಹೊಂದಿದ ಜನ ಅಂತರ್ಯುದ್ಧದ ಅನಂತರ ತಾವೇ ಕಟ್ಟಿಕೊಂಡದ್ದು. ನದಿಯ ಆಚೆಯ ದಂಡೆಯಿಂದ ಇಲ್ಲಿಗೆ ತಂದು ನಿಲ್ಲಿಸಲಾಗಿದೆ. ಇಂದು ಅದಕ್ಕೆ ಆಂಟಿಯಾಕ್ ಎಂಬ ಬೈಬಲಿನ ಹೆಸರಿದ್ದರೂ ಮೊದಲು ಇಟ್ಟದ್ದು ‘ಆಂಟಿ–ಯೋಕ್’, ಎಂದರೆ ‘ನೊಗಕ್ಕೆ ಎದುರು’ ಎಂಬ ಹೆಸರು. ತಮಗೆ ತಾವೇ ಹೆಸರಿಟ್ಟುಕೊಳ್ಳುವ ಸ್ವಾತಂತ್ರ್ಯ ಬಂದಾಗ ಆ ಜನ ಆರಿಸಿದ ಮಾತು ಅದು. ಒಳಗೆ ಬೆಂಚುಗಳ ನಡುವೆ ಮಕ್ಕಳ ಮಣ್ಣಿನ ಪ್ರತಿಮೆಗಳು ನಿಂತಿವೆ, ಕುಳಿತಿವೆ. ಶಿಲ್ಪಿ ವುಡ್ರೋ ನ್ಯಾಷ್ ಮಾಡಿದವು. ಮಕ್ಕಳೇ ಏಕೆ? ಸರ್ಕಾರದ ಯೋಜನೆಯೊಂದರಲ್ಲಿ 1936ರಿಂದ 1938ರವರೆಗೆ ಹಳೆಯ ಗುಲಾಮರಲ್ಲಿ ಬದುಕಿದ್ದ 2,300ಕ್ಕೂ ಹೆಚ್ಚು ಮಂದಿಯ ನೆನಪುಗಳನ್ನು ಬರೆದುಕೊಳ್ಳಲಾಯಿತು. ಆಗ ಅವರೆಲ್ಲ ಹಣ್ಣು ಹಣ್ಣು ಮುದುಕರು. ಆದರೆ ದಾಸ್ಯವನ್ನು ಅವರು ಕಂಡದ್ದು ಮಕ್ಕಳ ಕಣ್ಣಿನಿಂದ. ಆ ಹೇಳಿಕೆಗಳು ಇಲ್ಲದಿದ್ದರೆ ನಮಗೆ ಉಳಿಯುತ್ತಿದ್ದದ್ದು ಬಹುಮಟ್ಟಿಗೆ ಧಣಿಗಳ ಲೆಕ್ಕದ ಪುಸ್ತಕ.

ಆ ಲೆಕ್ಕದ ಪುಸ್ತಕದ ಮಾತನ್ನು ಸ್ವಲ್ಪ ವಿವರಿಸಬೇಕು. ಇಗರ್ಜಿಯನ್ನು ದಾಟಿದರೆ ಶಿಲೆಯ ಗೋಡೆಗಳು. ಒಂದರ ಮೇಲೆ ಈ ಜಮೀನಿನಲ್ಲೇ ದುಡಿದ 350ಕ್ಕೂ ಹೆಚ್ಚು ಗುಲಾಮರ ಹೆಸರುಗಳು; ಮುಂದಿನ ಗೋಡೆಗಳ ಸಾಲಿನಲ್ಲಿ ಲೂಸಿಯಾನದಲ್ಲಿ ಗುಲಾಮರಾಗಿದ್ದ 1,07,000 ಜನರ ಹೆಸರುಗಳು. ಇವನ್ನು ಕಲೆಹಾಕಿದವರು ಗ್ವೆಂಡೊಲಿನ್ ಮಿಡ್ಲೊ ಹಾಲ್ ಎಂಬ ಚರಿತ್ರಕಾರ್ತಿ. ನ್ಯೂ ಆರ್ಲಿಯನ್ಸಿನಲ್ಲೇ ಹುಟ್ಟಿದ ಈಕೆ 1980ರ ದಶಕದಿಂದ ಹಳ್ಳಿಗಾಡಿನ ನ್ಯಾಯಾಲಯಗಳ ದಫ್ತರುಗಳನ್ನು ಜಾಲಾಡಿ, ಫ್ರೆಂಚ್ ಮತ್ತು ಸ್ಪ್ಯಾನಿಷ್ ಪತ್ರಗಳಿಂದ ಒಂದೊಂದೇ ಹೆಸರನ್ನು ಹೆಕ್ಕಿದರು, 2022ರಲ್ಲಿ ತೀರಿಕೊಂಡರು. ಧಣಿ ಸತ್ತಾಗ ಆಸ್ತಿಯ ವಿಭಾಗಕ್ಕಾಗಿ ಪಟ್ಟಿಯೊಂದನ್ನು ಬರೆಯುತ್ತಿದ್ದರು: ಇಷ್ಟು ಹೇಸರಗತ್ತೆ, ಇಷ್ಟು ಕೊಪ್ಪರಿಗೆ, ಇಷ್ಟು ಗುಲಾಮರು. ಗುಲಾಮನ ಹೆಸರು, ವಯಸ್ಸು, ಬಲ್ಲ ಕೆಲಸ, ಕಾಯಿಲೆ, ಆಫ್ರಿಕದ ಯಾವ ಜನಾಂಗದವನು ಎಂಬ ವಿವರ, ಕೊನೆಯಲ್ಲಿ ಬೆಲೆ. ಮುದುಕರ ಎದುರಿಗೆ ಎಷ್ಟೋ ಸಲ ಸೊನ್ನೆ. ಎಂಥ ವಿಪರ್ಯಾಸ! ಇವರ ಹೆಸರು ಉಳಿದದ್ದು ಇವರು ಮನುಷ್ಯರೆಂದಲ್ಲ, ಬೆಲೆಯುಳ್ಳ ಸರಕೆಂದು. ಬೆಲೆ ಕಟ್ಟದೆ ಇದ್ದಿದ್ದರೆ ಅಷ್ಟೂ ಅಳಿದುಹೋಗುತ್ತಿತ್ತು.

ಸರ್ಕಾರದ ಜನಗಣತಿ ಇದಕ್ಕಿಂತ ನಿಷ್ಕರುಣವಾಗಿತ್ತು. ಅಮೆರಿಕದಲ್ಲಿ 1860ರಲ್ಲಿ ಗುಲಾಮರಾಗಿದ್ದವರು ಸುಮಾರು 40 ಲಕ್ಷ; ಲೂಸಿಯಾನ ಒಂದರಲ್ಲೇ 3,30,000ಕ್ಕೂ ಹೆಚ್ಚು. ಆ ವರ್ಷದ ಗಣತಿಯಲ್ಲಿ ಗುಲಾಮರ ಪಟ್ಟಿ ಬೇರೆ. ಅದರಲ್ಲಿ ಮಾಲೀಕನ ಹೆಸರು ಉಂಟು. ಅದರ ಕೆಳಗೆ ವಯಸ್ಸು, ಗಂಡೋ ಹೆಣ್ಣೋ, ಮೈಬಣ್ಣ, ಅಷ್ಟೆ. ಬಿಡುಗಡೆಯಾದ ಜನ ತಮ್ಮ ತಮ್ಮ ಹೆಸರಿನಿಂದ ದಾಖಲಾದದ್ದು 1870ರ ಗಣತಿಯಲ್ಲಿ. ತಮ್ಮ ಮನೆತನದ ಮೂಲವನ್ನು ಹುಡುಕುವ ಅಲ್ಲಿಯ ಕಪ್ಪು ಜನ ಇಂದಿಗೂ ಆ ವರ್ಷವನ್ನು ಒಂದು ಗೋಡೆಯೆಂದು ಕರೆಯುತ್ತಾರೆ.

ಮುಂದೆ ಬಯಲಿನಲ್ಲಿ ಕಬ್ಬಿಣದ ದೊಡ್ಡ ಕೊಪ್ಪರಿಗೆಗಳು. ಆಲೆಮನೆಯನ್ನು ಕಂಡ ನಮಗೆ ಅವುಗಳ ಪರಿಚಯ ಮಾಡಿಸಬೇಕಿಲ್ಲ. ದೊಡ್ಡದರಿಂದ ಚಿಕ್ಕದಕ್ಕೆ ಸಾಲಾಗಿ ಒಲೆಯ ಮೇಲೆ ಕೂರಿಸಿ, ಕುದಿಯುವ ಹಾಲನ್ನು ಉದ್ದನೆಯ ಸೌಟಿನಿಂದ ಒಂದರಿಂದ ಇನ್ನೊಂದಕ್ಕೆ ಎತ್ತಿ ಸುರಿಯುತ್ತ ಪಾಕಕ್ಕೆ ತರುತ್ತಿದ್ದರು. ನಮ್ಮ ಆಲೆಮನೆ ಎಂದರೆ ಊರಿಗೆ ಹಬ್ಬ. ಹಾದಿಹೋಕನಿಗೂ ಒಂದು ಲೋಟ ಕಬ್ಬಿನ ಹಾಲು. ಲೂಸಿಯಾನದ ಆಲೆಮನೆ ಬೇರೆ. ಅಲ್ಲಿ ಚಳಿಗಾಲದಲ್ಲಿ ಹಿಮ ಬಿದ್ದು ಕಬ್ಬು ಹಾಳಾಗುತ್ತದೆ. ಆದ್ದರಿಂದ ಅಕ್ಟೋಬರಿನಿಂದ ವರ್ಷದ ಕೊನೆಯೊಳಗೆ ಕಡಿದು, ಅರೆದು, ಕಾಯಿಸಿ ಮುಗಿಸಬೇಕು. ಹಗಲು ರಾತ್ರಿ ಗಾಣ ತಿರುಗಬೇಕು. ದಿನಕ್ಕೆ ಹದಿನಾರು, ಹದಿನೆಂಟು ಗಂಟೆಗಳ ದುಡಿಮೆ. ನಿದ್ದೆಗಣ್ಣಿನಲ್ಲಿ ಗಾಣದ ಉರುಳೆಗೆ ಕೈ ಕೊಟ್ಟವರುಂಟು, ಕುದಿಯುವ ಪಾಕ ಸಿಡಿದು ಬೆಂದವರುಂಟು. ಈ ಒಂದು ಜಮೀನಿನಲ್ಲಿ 1844ರ ಹಂಗಾಮಿನಲ್ಲಿ ತಯಾರಾದ ಸಕ್ಕರೆ 4,07,000 ಪೌಂಡು. ಕೆಲಸಕ್ಕೆ ಕರೆಯುತ್ತಿದ್ದ ಗಂಟೆಯೊಂದು ಇಲ್ಲಿ ತೂಗುತ್ತಿದೆ. ಮಾರ್ಗದರ್ಶಕಿ ಅದನ್ನು ಒಮ್ಮೆ ಬಾರಿಸಿರೆಂದರು, ದುಡಿದವರ ಗೌರವಕ್ಕಾಗಿ. ಒಂದು ಕಾಲದಲ್ಲಿ ನಿದ್ದೆಯಿಂದ ಎಬ್ಬಿಸಿ ಗದ್ದೆಗೆ ಅಟ್ಟುತ್ತಿದ್ದ ಸದ್ದಿಗೆ ಈಗ ಬೇರೊಂದು ಅರ್ಥ.

ಇದೇ ಜಿಲ್ಲೆಯಲ್ಲಿ 1823ರಿಂದ 1863ರವರೆಗೆ ಮೂರು ವರ್ಷ ತುಂಬುವ ಮೊದಲೇ ಸತ್ತ ಗುಲಾಮ ಮಕ್ಕಳು 2,200. ಅವರನ್ನು ಗುರುತಿಸಿದ್ದು ಇಗರ್ಜಿಯ ದಾಖಲೆಗಳಿಂದ. ಅವರಿಗಾಗಿ ಒಂದು ಅಂಗಳವಿದೆ. ನಡುವೆ ಕೂಸನ್ನೆತ್ತಿಕೊಂಡ ಕಪ್ಪು ದೇವತೆಯ ಪ್ರತಿಮೆ. ಅದರ ಬಗ್ಗೆ ಹೆಚ್ಚು ಹೇಳಲಾರೆ. ಇನ್ನೊಂದೆಡೆ ಕೋಲುಗಳ ಮೇಲೆ ತಲೆಗಳ ಪ್ರತಿಮೆಗಳು. ನದಿಯ ಆಚೆಯ ದಂಡೆಯಲ್ಲಿ 1811ರ ಜನವರಿ 8ರಂದು ಚಾರ್ಲ್ಸ್ ದೆಲೋಂಡ್ ಎಂಬ ಗುಲಾಮನ ಮುಂದಾಳುತನದಲ್ಲಿ ನೂರಾರು ಜನ ದಂಗೆಯೆದ್ದು ನ್ಯೂ ಆರ್ಲಿಯನ್ಸಿನ ಕಡೆಗೆ ನಡೆದರು. ಕೆಲವೇ ದಿನಗಳಲ್ಲಿ ದಂಗೆ ಅಡಗಿತು. ಸತ್ತವರ ತಲೆಗಳನ್ನು ಕೊಯ್ದು ನದಿಯ ದಾರಿಯುದ್ದಕ್ಕೂ ನೆಟ್ಟರು. ದುಡಿದವರೆಲ್ಲ ಮೌನವಾಗಿ ಸಹಿಸಿದರೆಂಬ ಕಥೆಗೆ ಆ ತಲೆಗಳೇ ಉತ್ತರ.

ದಾಸ್ಯವನ್ನು 1865ರಲ್ಲಿ ಸಂವಿಧಾನದ ತಿದ್ದುಪಡಿ ರದ್ದುಮಾಡಿತು, ಕಬ್ಬು ರದ್ದಾಗಲಿಲ್ಲ. ಬಿಡುಗಡೆಯಾದವರು ಕೂಲಿಗಾಗಿ ಅದೇ ಗದ್ದೆಗೆ ಬಂದರು, ಅದೇ ಗುಡಿಸಲುಗಳಲ್ಲಿ ಉಳಿದರು. ದಿನಸಿಗೆ ಜಮೀನಿನವರದೇ ಅಂಗಡಿ, ಅಲ್ಲಿ ತೀರದ ಸಾಲ. ‘ಜೀತ’ ಎಂಬ ನಮ್ಮ ಮಾತು ಇಲ್ಲಿಗೆ ಬಂದಾಗ ಸರಿಯಾಗಿ ಹೊಂದುತ್ತದೆ. ಹತ್ತಿರದ ಥಿಬೊಡೋ ಪಟ್ಟಣದಲ್ಲಿ 1887ರ ನವೆಂಬರಿನಲ್ಲಿ ಹೆಚ್ಚಿನ ಕೂಲಿಗಾಗಿ ಮುಷ್ಕರ ಹೂಡಿದ ಕಬ್ಬಿನ ಕಾರ್ಮಿಕರಲ್ಲಿ ಹತ್ತಾರು ಮಂದಿಯನ್ನು ಗುಂಡಿಕ್ಕಿ ಕೊಂದರು.

ಕೊನೆಗೆ ಧಣಿಯ ಮನೆ. ಹಿಂಬದಿಯಿಂದ, ಅಡುಗೆಮನೆಯ ಪಕ್ಕದಿಂದ, ಕೆಲಸದವರು ಬರುತ್ತಿದ್ದ ದಿಕ್ಕಿನಿಂದ ಹೋದೆವು. ಕೆಳಗೆ ಇಟ್ಟಿಗೆ, ಮೇಲೆ ಮರ; ಅಗಲವಾದ ಮೊಗಸಾಲೆ; ಒಳಗೆ ಚಿತ್ತಾರ ಬರೆದ ಚಾವಣಿ. ಸುಂದರವಾದ ಮನೆ, ಅದರಲ್ಲಿ ಸಂದೇಹವಿಲ್ಲ. ಅಲ್ಲಿ ಆನ್ನಾ ಎಂಬ ಗುಲಾಮ ಹೆಣ್ಣಿನ ಕಥೆ ಕೇಳಿದೆವು. ಮನೆಯೊಡತಿಯ ಸಂಬಂಧಿಯೊಬ್ಬನಿಂದ ಅವಳಿಗೆ ಹುಟ್ಟಿದ ಮಗ ವಿಕ್ಟರ್. ಅವನೂ ಕಾನೂನಿನಂತೆ ಆ ಮನೆಯ ಸೊತ್ತು. ಆ ವಿಕ್ಟರನ ವಂಶದ ಸಿಬಿಲ್ ಹೈಡೆಲ್ ಅವರನ್ನು ಮದುವೆಯಾದ ಅರ್ನೆಸ್ಟ್ ಮೊರಿಯಲ್ 1978ರಲ್ಲಿ ನ್ಯೂ ಆರ್ಲಿಯನ್ಸಿನ ಪ್ರಥಮ ಕಪ್ಪು ಮೇಯರ್ ಆದರು. ಅವರ ಮಗನೂ 1994ರಲ್ಲಿ ಅದೇ ಪೀಠವನ್ನೇರಿದರು. ಧಣಿಯ ಮನೆಯ ಹೆಸರನ್ನು ಊರಿನ ಇತಿಹಾಸಕ್ಕೆ ಮತ್ತೆ ತಂದದ್ದು ಸೊತ್ತಿನ ಪಟ್ಟಿಗೆ ಸೇರಿದ್ದ ಕೂಸಿನ ಸಂತತಿ.

ಇದೇ ದಂಡೆಯಲ್ಲಿ ಸ್ವಲ್ಪ ಮೇಲೆ ‘ಓಕ್ ಆಲಿ’ ಎಂಬ ಪ್ರಸಿದ್ಧ ಮಹಲಿದೆ. ಎರಡು ಸಾಲಿನಲ್ಲಿ 28 ಓಕ್ ಮರಗಳು, ಮನೆಯ ಸುತ್ತ 28 ಕಂಬಗಳು. ಚಿತ್ರಗಳಲ್ಲಿ ಎಲ್ಲರೂ ಕಾಣುವುದು ಅದನ್ನೇ. 2013ರಿಂದ ಅಲ್ಲಿಯೂ ಗುಲಾಮರ ಗುಡಿಸಲುಗಳನ್ನು ಪುನಃ ಕಟ್ಟಿ ತೋರಿಸುತ್ತಿದ್ದಾರೆ. ಅಲ್ಲಿ ಆಂಟ್ವಾನ್ ಎಂಬ ತೋಟಗಾರನಿದ್ದ. ಪೀಕನ್ ಎಂಬುದು ನಮ್ಮ ಅಕ್ರೋಟದ ಬಳಗದ ಕಾಯಿ. ತೆಳುಚಿಪ್ಪಿನ, ಉತ್ತಮವಾದ ಒಂದು ಮರದ ಕುಡಿಗಳನ್ನು ತಂದು ಬಲ್ಲವರು ಕಸಿಮಾಡಲು ಯತ್ನಿಸಿ ಸೋತಿದ್ದರು. 1846–47ರ ಚಳಿಗಾಲದಲ್ಲಿ ಆಂಟ್ವಾನ್ 16 ಮರಗಳಿಗೆ ಅವನ್ನು ಕಸಿಕಟ್ಟಿ ಗೆದ್ದ. ಆ ತಳಿ 1876ರಲ್ಲಿ ಫಿಲಡೆಲ್ಫಿಯದ ಶತಮಾನೋತ್ಸವ ಪ್ರದರ್ಶನದಲ್ಲಿ ಬಹುಮಾನ ಪಡೆಯಿತು. ಅದಕ್ಕೆ ‘ಸೆಂಟೆನಿಯಲ್’ ಎಂದು ಹೆಸರಾಯಿತು. ಆಂಟ್ವಾನ್‌ನ ಹೆಸರಾಗಲಿಲ್ಲ. ಅವನ ವಿಷಯ ನಮಗೆ ತಿಳಿದಿರುವುದು ಧಣಿ ಸತ್ತಾಗ, 1848ರಲ್ಲಿ, ಬರೆದ ಆಸ್ತಿಯ ಪಟ್ಟಿಯಿಂದ: ವಯಸ್ಸು 38, ತೋಟಗಾರ, ಪೀಕನ್ ಕಸಿಕಟ್ಟುವುದರಲ್ಲಿ ನಿಪುಣ, ಬೆಲೆ 1,000 ಡಾಲರು.

ಒಬ್ಬ ಸೃಷ್ಟಿಶೀಲ ಮನುಷ್ಯನ ಜೀವನಚರಿತ್ರೆ ಒಂದು ಸಾಲಿನಲ್ಲಿ ಮುಗಿಯಿತು. ಆ ಸಾಲಿನ ಕೊನೆಯಲ್ಲಿ ಅಂಕಿ. ಇದನ್ನು ಓದುವ ಬಗೆ ಎರಡು. ಬರೆದವನು ಕಡೆಯ ಅಂಕಿಗಾಗಿ ಮೊದಲಿನ ಮಾತುಗಳನ್ನು ಬರೆದ. ನಾವು ಅಂಕಿಯನ್ನು ಬಿಟ್ಟು ಮೊದಲಿನ ಮಾತುಗಳನ್ನು ಓದಬೇಕು: ಹೆಸರು, ವಯಸ್ಸು, ಕೈಯಲ್ಲಿದ್ದ ವಿದ್ಯೆ. ಕಾಗದ ಅದೇ, ಶಾಯಿ ಅದೇ. ಬದಲಾಗಬೇಕಾದದ್ದು ಓದುವ ಕಣ್ಣು. ಉರಿದುಹೋದ ಮಹಲಿಗಾಗಿ ಅಳಬೇಕೆ ನಗಬೇಕೆ ಎಂಬ ವ್ಯಾಜ್ಯ ಮುಂದೆಯೂ ನಡೆದೀತು. ಮನೆಗಳು ಒಂದಲ್ಲ ಒಂದು ದಿನ ಬೀಳುತ್ತವೆ. ಬೆಲೆಪಟ್ಟಿಯಿಂದ ಬಿಡಿಸಿ ಶಿಲೆಯ ಮೇಲೆ ಬರೆದ ಹೆಸರುಗಳನ್ನು ಗಟ್ಟಿಯಾಗಿ ಓದುವವರು ಇರುವವರೆಗೆ, ಆ ಮನೆಗಳನ್ನು ಕಟ್ಟಿದವರಾದರೂ ಉಳಿದಾರು.