ಶಾನುಭೋಗಿಕೆ ಹೋದ ಮೇಲೆ

ಕೊತ್ತಗೆರೆ ಹೋಬಳಿಯ ಹಳ್ಳಿಗಳಲ್ಲಿ ಸರ್ಕಾರಿ ನೌಕರ ತೀರಿಕೊಂಡರೆ, ತಿಥಿ ಮುಗಿಯುವ ಮುಂಚೆಯೇ ವಂಶವೃಕ್ಷದ ಮಾತು ಬರುತ್ತದೆ. ಗ್ರಾಮ ಲೆಕ್ಕಿಗನಾಗಿ ಆ ಕಾಗದ ಬರೆದವನು ನಾನು. ಮೇಲೆ ಸತ್ತವನ ಹೆಸರು, ಕೆಳಗೆ ಹೆಂಡತಿ, ಮಕ್ಕಳು, ಕೊನೆಯಲ್ಲಿ ಪಂಚರ ಸಹಿ. ಕುಟುಂಬ ಪಿಂಚಣಿಗಾಗಿ ಕುಣಿಗಲ್ಲಿನ ಕೋರ್ಟು ಹತ್ತಿದ ಎಷ್ಟೋ ಜಗಳಗಳು ಆ ಒಂದು ಹಾಳೆಯಲ್ಲಿ ಯಾರ ಹೆಸರು ಬಿಟ್ಟುಹೋಯಿತು ಎಂಬಲ್ಲಿಂದಲೇ ಶುರುವಾದದ್ದನ್ನು ಕಂಡಿದ್ದೇನೆ.

ಜಗಳ ಹಳೆಯದು. ಪಿಂಚಣಿ ಹೊಸದು, ಅಷ್ಟೆ. ನನ್ನ ಅಜ್ಜ ಶಾನುಭೋಗರು. ಮೈಸೂರು ಸಂಸ್ಥಾನದ 1908ರ ಗ್ರಾಮಾಧಿಕಾರಗಳ ಕಾಯ್ದೆಯ ಕಾಲದಲ್ಲಿ ಪಟೇಲಿಕೆ, ಶಾನುಭೋಗಿಕೆ, ತೋಟಿ, ತಳವಾರಿಕೆ ಎಲ್ಲವೂ ವಂಶಪಾರಂಪರ್ಯ. ಹುದ್ದೆಗೆ ಅಂಟಿಕೊಂಡ ಜಮೀನು ಹುದ್ದೆಯ ಜೊತೆಗೇ ಇಳಿಯುತ್ತಿತ್ತು. ಅಪ್ಪ ಸತ್ತರೆ ಮಗ ಕಡತದ ಗಂಟು ಬಿಚ್ಚಬೇಕು, ಮನೆ ನಡೆಯಬೇಕು. ವಿಧವೆಗೆ ತನ್ನದೆಂದು ಬರುವ ದುಡ್ಡು ಒಂದು ಕಾಸೂ ಇಲ್ಲ. ಮಗ ಅನ್ನ ಹಾಕಿದರೆ ಉಂಟು, ಸೊಸೆ ಸಿಡುಕಿದರೆ ಇಲ್ಲ. ನನ್ನ ಮುತ್ತಜ್ಜಿಯ ಕೊನೆಯ ದಿನಗಳ ಬಗ್ಗೆ ಮನೆಯಲ್ಲಿ ಕೇಳಿದ ಮಾತುಗಳಿಂದಲೇ ನನಗೆ ಇದು ಗೊತ್ತು. ಆ ಪದ್ಧತಿಯನ್ನು ಹೊಗಳುವವರ ಜೊತೆ ನಾನು ಸೇರಲಾರೆ.

1961ರ ಗ್ರಾಮಾಧಿಕಾರ ರದ್ಧತಿ ಕಾಯ್ದೆ 1963ರ ಫೆಬ್ರವರಿ 1ರಂದು ಜಾರಿಗೆ ಬಂದು ಇದಕ್ಕೆಲ್ಲ ಕೊನೆ ಹಾಡಿತು. ಶಾನುಭೋಗರ ಜಾಗಕ್ಕೆ ಸಂಬಳದ ಗ್ರಾಮ ಲೆಕ್ಕಿಗರು ಬಂದರು. ತೋಟಿ, ತಳವಾರಿಕೆಯ ಜಮೀನುಗಳ ಮರುಮಂಜೂರಾತಿಗೆ ಅಣ್ಣತಮ್ಮಂದಿರು ಕಚೇರಿ ಅಲೆದರು. ಮಂಜೂರಾದದ್ದು ಮಾರಾಟವಾಗಿ ಹೋಗುತ್ತಿದೆ ಎಂದು 1978ರಲ್ಲಿ ಕಾಯ್ದೆಗೆ ತಿದ್ದುಪಡಿಯೂ ಬಂತು. ಆ ವ್ಯಾಜ್ಯಗಳ ಕಡತ ಇನ್ನೂ ಪೂರ್ತಿ ಮುಚ್ಚಿಲ್ಲ.

ಹುದ್ದೆಗಳು ರದ್ದಾದ ಮರುವರ್ಷವೇ, 1964ರಲ್ಲಿ, ರಾಜ್ಯದ ನೌಕರರಿಗೆ ಕುಟುಂಬ ಪಿಂಚಣಿ ನಿಯಮಗಳು ಬಂದವು. ಈಗಿರುವುದು 2002ರ ನಿಯಮಗಳು. ಸಾಮಾನ್ಯವಾಗಿ ಕೊನೆಯ ಮೂಲವೇತನದ ಶೇ. 30 ವಿಧವೆಯ ಹೆಸರಿಗೆ, ಅವಳದೇ ಖಾತೆಗೆ. ಮಗನ ಮುಖ ನೋಡಬೇಕಾಗಿಲ್ಲ. ನಮ್ಮ ಕಡೆಯ ಹೆಂಗಸರ ಬದುಕಿನಲ್ಲಿ ಇದಕ್ಕಿಂತ ದೊಡ್ಡ ಬದಲಾವಣೆ ತಂದ ಸರ್ಕಾರಿ ಕಾಗದ ನನಗಂತೂ ಕಾಣದು.

ದುಡ್ಡು ನಿಶ್ಚಿತವಾದ ಮೇಲೆ ಹಕ್ಕುದಾರರೂ ಹೆಚ್ಚಿದರು. ನಾಮಿನಿ ಕಾಗದ ಹಿಡಿದ ತಮ್ಮ, ಉಯಿಲು ಹಿಡಿದ ಅಣ್ಣನ ಮಗ, ಪಟ್ಟಣದಲ್ಲಿ ಬೇರೆ ಸಂಸಾರ. ಉಯಿಲಿನ ಪ್ರಶ್ನೆಯನ್ನು ಸುಪ್ರೀಂ ಕೋರ್ಟು 1991ರಲ್ಲೇ ತೀರ್ಮಾನಿಸಿದೆ. ರೈಲ್ವೆ ನೌಕರನೊಬ್ಬ ಹೆಂಡತಿಯನ್ನು ಬಿಟ್ಟು ತಮ್ಮನಿಗೆ ಎಲ್ಲವನ್ನೂ ಬರೆದಿಟ್ಟಿದ್ದ ಪ್ರಕರಣ ಅದು. ಕುಟುಂಬ ಪಿಂಚಣಿ ಸತ್ತವನ ಆಸ್ತಿಯೇ ಅಲ್ಲ, ಅದನ್ನು ಅವನು ಉಯಿಲು ಬರೆಯಲಾರ ಎಂದಿತು ಪೀಠ. ಗಂಡ ಸಿಟ್ಟಿನಲ್ಲಿ ಬರೆದದ್ದು ಹೆಂಡತಿಯ ಅನ್ನ ಕಸಿಯಲಾಗದು.

ಎರಡನೆಯ ಹೆಂಡತಿಯ ವಿಷಯ ಇದಕ್ಕಿಂತ ಕಷ್ಟ. 1955ರ ಹಿಂದೂ ವಿವಾಹ ಕಾಯ್ದೆಯ ಪ್ರಕಾರ ಮೊದಲ ಹೆಂಡತಿ ಬದುಕಿರುವಾಗ ಆದ ಮದುವೆ ಮದುವೆಯೇ ಅಲ್ಲ. ಆದರೆ 1976ರ ತಿದ್ದುಪಡಿಯ ನಂತರ ಅಂಥ ಮಕ್ಕಳು ಸಕ್ರಮರು. ಬಿಹಾರದ ಪ್ರಕರಣವೊಂದರಲ್ಲಿ 2000ರಲ್ಲಿ ಸುಪ್ರೀಂ ಕೋರ್ಟು ಎರಡನೆಯವಳಿಗೆ ಇಲ್ಲ, ಅವಳ ಅಪ್ರಾಪ್ತ ಮಕ್ಕಳಿಗೆ ಪಾಲುಂಟು ಎಂದಿತು. ಎರಡನೆಯ ಹೆಂಡತಿಗೆ ಪಿಂಚಣಿ ಸಲ್ಲದೆಂದು 2023ರಲ್ಲಿ ನಮ್ಮ ಹೈಕೋರ್ಟೂ ಹೇಳಿತು. ಮೊದಲ ಮದುವೆಯ ಸುದ್ದಿಯನ್ನೇ ತಿಳಿಯದೆ ಮೋಸಹೋಗಿ, ಕೊನೆಗಾಲದಲ್ಲಿ ಮಲಮೂತ್ರ ಬಳಿದು ನೋಡಿಕೊಂಡ ಹೆಂಗಸರನ್ನು ನಾನು ಬಲ್ಲೆ, ಅವರಿಗಾಗಿ ಮರುಗಿದ್ದೇನೆ. ಆದರೂ ಊರಲ್ಲಿ ಅತ್ತೆಮಾವನ ಸೇವೆ ಮಾಡುತ್ತ ಉಳಿದ ಮೊದಲಿನವಳ ಪಾಲನ್ನು ಮುರಿದು ಕೊಡುವುದು ನ್ಯಾಯವೆಂದು ನನಗೆ ಯಾವತ್ತೂ ಅನಿಸಿಲ್ಲ. ಅಪರಾಧ ಗಂಡನದು, ಅವನು ಸತ್ತುಹೋಗಿರುತ್ತಾನೆ.

ಮಕ್ಕಳ ಮಾತು ಬೇರೆ. ಪಂಚರು ‘ಆ ಕಡೆಯ ಹುಡುಗರನ್ನು ಯಾಕೆ ಎಳೀತೀರಿ ಸ್ವಾಮಿ’ ಎನ್ನುತ್ತಿದ್ದರು. ಎಳೆಯದೆ ಬಿಟ್ಟರೆ ಏನಾಗುತ್ತದೆಂದು ನೋಡಿದ್ದೇನೆ: ತಕರಾರು ಅರ್ಜಿ ಬೀಳುತ್ತದೆ, ಇಲಾಖೆ ಕೋರ್ಟಿನ ಆದೇಶ ತನ್ನಿ ಎನ್ನುತ್ತದೆ, ಅಲ್ಲಿಯವರೆಗೆ ಎರಡೂ ಮನೆಗೆ ದುಡ್ಡಿಲ್ಲ. ಒಂದು ಮನೆಯ ಹುಡುಗನ ಪಾಲು ಬಾಕಿಸಮೇತ ಕೈಗೆ ಬಂದಾಗ ಅವನು ಕಾಲೇಜು ಬಿಟ್ಟು ಬೆಂಗಳೂರಿನ ಗೋದಾಮೊಂದರಲ್ಲಿ ಕೆಲಸಕ್ಕೆ ಸೇರಿಯಾಗಿತ್ತು. ಅಲ್ಲಿಂದಾಚೆ ಪಂಚರು ಎಷ್ಟೇ ಗೊಣಗಲಿ, ಎರಡೂ ಮನೆಯ ಮಕ್ಕಳ ಹೆಸರನ್ನು ಕೇಳಿ, ಜನನ ಪತ್ರ ನೋಡಿ ಬರೆಸದೆ ನಾನು ಸಹಿ ಹಾಕಲಿಲ್ಲ.