ಆದವಾನಿ ಕೋಟೆ: ಯುದ್ಧಚರಿತ್ರಕಾರನ ವಿಧಾನ ಮತ್ತು ಸಾಕ್ಷ್ಯಚಿತ್ರದ ಹೊಣೆ

ಯುದ್ಧಚರಿತ್ರೆಯನ್ನು ಭಾರತದಲ್ಲಿ ಶಾಸ್ತ್ರೀಯ ಸಂಶೋಧನೆಯಾಗಿ ಬೆಳೆಸಿದವರಲ್ಲಿ ಜದುನಾಥ ಸರ್ಕಾರರು (1870–1958) ಅಗ್ರಗಣ್ಯರು. ಐದು ಸಂಪುಟಗಳ ಔರಂಗಜೇಬನ ಚರಿತ್ರೆಯಿಂದ (1912–24) ಹಿಡಿದು, ಮರಣಾನಂತರ 1960ರಲ್ಲಿ ಪ್ರಕಟವಾದ ಭಾರತದ ಸೈನಿಕ ಇತಿಹಾಸದವರೆಗೆ, ಆಸ್ಥಾನದ ದಾಖಲೆಯನ್ನು ಪಾಳೆಯದಲ್ಲಿದ್ದವನ ಬರಹದೊಡನೆ ತಾಳೆನೋಡುವುದು ಅವರ ಕ್ರಮವಾಗಿತ್ತು. ಈ ಕ್ರಮದ ಬೆಲೆಯನ್ನು ಪಶ್ಚಿಮ ಕರ್ನೂಲಿನ ಆದವಾನಿಯಲ್ಲಿ ಸ್ಪಷ್ಟವಾಗಿ ಕಾಣಬಹುದು.

ಬಿಜಾಪುರದ ಮಂತ್ರಿಪದವಿಯನ್ನು 1683ರಲ್ಲಿ ತ್ಯಜಿಸಿ ಬಂದ ಸಿದ್ದಿ ಮಸೂದ್ ಖಾನನಿಂದ ಮೊಗಲರು 1688ರಲ್ಲಿ ಈ ಕೋಟೆಯನ್ನು ಪಡೆದು, ಇಮ್ತಿಯಾಜ್‌ಗಢವೆಂದು ಹೆಸರಿಟ್ಟರು. ಮಸೂದ್ ಕಟ್ಟಿಸಿದ ಜಾಮಿಯಾ ಮಸೀದಿಯತ್ತ ಶತ್ರುವಿನ ಫಿರಂಗಿಗಳು ತಿರುಗಿದಾಗ ಅದನ್ನುಳಿಸಲು ಆತ ಶರಣಾದನೆಂಬುದು ಪ್ರಸಿದ್ಧ ಐತಿಹ್ಯ. ಮಂತ್ರಾಲಯದ ಪರಂಪರೆಯಾದರೋ ರಾಘವೇಂದ್ರ ಸ್ವಾಮಿಗಳಿಗೆ ಮಂಚಾಲೆ ಗ್ರಾಮ ದೊರೆತುದನ್ನು ಇದೇ ಅಧಿಕಾರಿಯ ಹೆಸರಿಗೆ ಜೋಡಿಸುತ್ತದೆ. ಎರಡು ಸಮುದಾಯಗಳೂ ನೆನೆಯುವ ವ್ಯಕ್ತಿಯ ಸೋಲಿಗೆ ಇಂಥ ಘನತೆಯ ಕಾರಣವನ್ನು ಜನಮನ ಹುಡುಕಿದುದು ಸಹಜವೇ.

ಯುದ್ಧಚರಿತ್ರಕಾರನ ಪ್ರಶ್ನೆ ಬೇರೆ. ಮಸೀದಿಯಿರುವುದು ಬೆಟ್ಟದ ಬುಡದ ಪೇಟೆಯಲ್ಲಿ. ಬಾರಾಕಿಲ್ಲಾ, ತಾಲಿಬಂಡ ಶಿಖರಗಳು ಬಯಲಿನಿಂದ ಸುಮಾರು 800 ಅಡಿ ಮೇಲಿವೆ. ಪೇಟೆಗೆ ಗುಂಡು ಬಿದ್ದರೂ ಗಿರಿದುರ್ಗ ತಾನಾಗಿ ಬೀಳದು. ಆದರೆ 1686ರಲ್ಲಿ ಬಿಜಾಪುರವೂ 1687ರಲ್ಲಿ ಗೋಲ್ಕೊಂಡವೂ ಅಳಿದ ಮೇಲೆ ಹೊರಗಿನ ನೆರವಿನ ಆಸೆ ಉಳಿದಿರಲಿಲ್ಲ. ಐತಿಹ್ಯ ಸುಳ್ಳಾಗಬೇಕಿಲ್ಲ, ಅದು ಶರಣಾಗತಿಯ ಘಳಿಗೆಯನ್ನು ಹೇಳುತ್ತದೆ, ಅನಿವಾರ್ಯತೆಯನ್ನಲ್ಲ. ಅನಂತರ ಕೋಟೆಯ ಆಡಳಿತ ದಲಪತ್ ರಾವ್ ಬುಂದೇಲನಿಗೆ ಸಂದಿತು. ಅವನ ಕಾರ್ಯದರ್ಶಿ ಭೀಮಸೇನನ ಆತ್ಮವೃತ್ತಾಂತವನ್ನು ಸರ್ಕಾರರು ಬಹುವಾಗಿ ನೆಚ್ಚಿದರು. ಅವರ ಅನುವಾದ 1972ರಲ್ಲಿ ಮುಂಬಯಿಯಲ್ಲಿ ಅಚ್ಚಾಯಿತು.

ಇಂದು ಇದೇ ಕಥೆ ಸಾಕ್ಷ್ಯಚಿತ್ರಕ್ಕೆ ಹೇಳಿಮಾಡಿಸಿದ ವಸ್ತು. ಆದರೆ ಕ್ಯಾಮರಾಕ್ಕೆ ಇಲ್ಲೊಂದು ಬಲೆಯಿದೆ. 1786ರಲ್ಲಿ ನಿಜಾಮ ಮತ್ತು ಮರಾಠರ ಸೇನೆಗಳು ನೆರವಿಗೆ ಬಂದರೂ, ತುಂಗಭದ್ರೆ ತುಂಬುವ ಮುನ್ನ ಕೋಟೆಯವರನ್ನು ಕರೆದುಕೊಂಡು ಹಿಂದಿರುಗಿದವು. ಬರಿದಾದ ಕೋಟೆಯನ್ನು ಹಿಡಿದ ಟಿಪ್ಪು ಅದರ ರಕ್ಷಣಾ ಗೋಡೆಗಳನ್ನು ಕೆಡವಿಸಿದನು. ಹಾಗಾಗಿ ಮುರಿದ ಗೋಡೆಗಳನ್ನು ತೋರಿಸಿ 1688ರ ಕಾಳಗವನ್ನು ಬಣ್ಣಿಸಿದರೆ, ಒಂದು ಯುದ್ಧದ ಗಾಯವನ್ನು ಇನ್ನೊಂದಕ್ಕೆ ಆರೋಪಿಸಿದಂತೆ. ಗ್ರಂಥದಲ್ಲಿ ಇಂಥ ತಪ್ಪನ್ನು ಅಡಿಟಿಪ್ಪಣಿ ತಿದ್ದಬಲ್ಲುದು. ಚಿತ್ರದಲ್ಲಿ ಕಂಡದ್ದೇ ಪ್ರಮಾಣವಾಗುತ್ತದೆ.

ಆದವಾನಿಯ ಆಕರಗಳು ಪಾರಸಿಯಲ್ಲಿ ಮಾತ್ರವಿಲ್ಲ. 1800ರಲ್ಲಿ ಕಂಪನಿಗೆ ಸಂದ ದತ್ತಮಂಡಲಗಳಲ್ಲಿ ಕರ್ನಲ್ ಮೆಕೆಂಜಿ ಕಲೆಹಾಕಿಸಿದ ಕೈಫಿಯತ್ತುಗಳು ಊರವರ ಮಾತಿನಲ್ಲಿ ಕದನಗಳನ್ನು ದಾಖಲಿಸುತ್ತವೆ. 1953ರಲ್ಲಿ ಆದವಾನಿ, ಆಲೂರು ತಾಲೂಕುಗಳು ಬಳ್ಳಾರಿಯಿಂದ ಬೇರ್ಪಟ್ಟು ಆಂಧ್ರಕ್ಕೆ ಸೇರಿದ ಮೇಲೆ ಕನ್ನಡದ ಸಂಶೋಧಕರು ಅತ್ತ, ತೆಲುಗಿನವರು ಇತ್ತ ನೋಡುವುದು ವಿರಳವಾಯಿತು. ಸರ್ಕಾರರು ಪಾರಸಿ ಮರಾಠಿಗಳನ್ನು ತಾಳೆನೋಡಿದಂತೆ ಕನ್ನಡ ತೆಲುಗುಗಳನ್ನು ಎದುರುಬದುರಿಟ್ಟು ಓದುವ ದ್ವಿಭಾಷಾ ವಿದ್ವಾಂಸರಿಂದಲೇ ಈ ಕೋಟೆಯ ಮುಂದಿನ ಚರಿತ್ರೆ ಬರಬೇಕು. ಚಿತ್ರ ಬರುವುದು ಅದರ ಹಿಂದೆ.